ರೂಮಿನ ಹಿಂದಿನ ಕೆರೆ

ಅಟ್ಟದ ಮೇಲಿನ ಸಾಮಾನು ಇಳಿಸುವ ಕೆಲಸ ನಮ್ಮ ಮನೆಯಲ್ಲಿ ವರ್ಷಕ್ಕೊಮ್ಮೆ ನಡೆಯುತ್ತದೆ. ಇಳಿಸಿದ್ದೆಲ್ಲ ಸಂಜೆಯೊಳಗೆ ಮತ್ತೆ ಅಟ್ಟ ಸೇರುತ್ತದೆ. ಈ ಸಲ ಒಂದು ಜೊತೆ ಕ್ಯಾನ್ವಾಸ್ ಶೂ ಮಾತ್ರ ಕೆಳಗೇ ಉಳಿದವು. ನನ್ನ ಹೆಂಡತಿ ಸಾವಿತ್ರಿ ಅವನ್ನು ಪೊರಕೆಯಿಂದ ಬಾಗಿಲವರೆಗೆ ತಳ್ಳಿಕೊಂಡು ಬಂದು, ಈ ವರ್ಷವಾದರೂ ಇವನ್ನು ಎಸೆಯುತ್ತೀರೋ ಇಲ್ಲವೋ ಎಂದು ಕೇಳಿದಳು. ಹಿಮ್ಮಡಿಯಿಂದ ಬೆರಳಿನ ತನಕ, ಯಾರೋ ಸುಣ್ಣದಲ್ಲಿ ಗೀಟು ಹಾಕಿದ ಹಾಗೆ, ಶೂಗಳ ಸುತ್ತ ಒಂದು ಬಿಳಿ ಗೆರೆ ಇದೆ. ಸೋಪು, ಸೋಡಾ, ಹುಣಸೆಹಣ್ಣು ಎಲ್ಲ ಆಗಿದೆ. ಹೋಗಿಲ್ಲ. ಎಸೆಯಲು ಒಪ್ಪಿದೆ. ಎಸೆಯುವ ಮೊದಲು ಆ ಗೆರೆಯ ಕತೆ ಬರೆದುಬಿಡೋಣ ಅಂತ ಕೂತಿದ್ದೇನೆ. ನನ್ನದು ಒಂದೇ ಬೆರಳಿನ ಟೈಪಿಂಗು. ಒತ್ತಕ್ಷರ ಹುಡುಕುವಷ್ಟರಲ್ಲಿ ಹೇಳಬೇಕಾದದ್ದು ಮರೆತುಹೋಗುತ್ತದೆ. ಅಲ್ಲಲ್ಲಿ ದಾರಿ ತಪ್ಪಿದರೆ ನೀವೇ ಸರಿಮಾಡಿಕೊಳ್ಳಿ.

ತೊಂಬತ್ತರ ದಶಕದಲ್ಲಿ ನಾನು ಸೌದಿಯ ತಾಯಿಫ್ ಎಂಬ ಊರಿನಲ್ಲಿ ಏಸಿ ರಿಪೇರಿ ಮಾಡುತ್ತಿದ್ದೆ. ಚಿತ್ರದುರ್ಗದ ಕಡೆಯ ಸಣ್ಣ ಊರಿನವನು ಅಲ್ಲಿಗೆ ಹೇಗೆ ಹೋದೆ ಅನ್ನುವುದು ಉದ್ದದ ಮಾತು. ನಾನು ಒಂದನೇ ಕ್ಲಾಸಿಗೆ ಸೇರಿದ್ದೇ ಹತ್ತು ವರ್ಷಕ್ಕೆ. ಅಲ್ಲಿಯ ತನಕ ಚಿಕ್ಕಪ್ಪನ ಹಿಟ್ಟಿನ ಗಿರಣಿಯಲ್ಲಿ ಇದ್ದೆ. ಮೈಮೇಲಿನ ಹಿಟ್ಟು ಒರೆಸಿಕೊಂಡು ಶಾಲೆಗೆ ಹೋದರೆ, ನನ್ನ ಮೊಣಕಾಲಿನಷ್ಟು ಎತ್ತರದ ಮಕ್ಕಳು ನನ್ನನ್ನು ಮೇಷ್ಟ್ರು ಅಂದುಕೊಂಡು ಎದ್ದು ನಿಂತರು. ನಾನೂ ಗಾಬರಿಯಲ್ಲಿ ಕೂತ್ಕೊಳಿ ಅಂದುಬಿಟ್ಟೆ. ಹೀಗೆ ಶುರುವಾದ ವಿದ್ಯೆ ಎಸ್ಸೆಸ್ಸೆಲ್ಸಿ ಮುಟ್ಟುವಾಗ ನನಗೆ ಇಪ್ಪತ್ತು. ಇಂಗ್ಲಿಷಿನಲ್ಲಿ ಎರಡು ಸಲ ಹೋಯಿತು. ಮೂರನೇ ಸಲಕ್ಕೆ ಪಾಠ ಹೇಳಿಕೊಟ್ಟವಳು ಸಾವಿತ್ರಿ. ಅವಳು ನನಗಿಂತ ನಾಲ್ಕು ವರ್ಷ ಚಿಕ್ಕವಳು, ಆದರೆ ಆಗಲೇ ಪಾಸಾಗಿದ್ದಳು. ಪಾಠ ನಡೆಯುತ್ತಿದ್ದುದು ಊರ ಕೆರೆಯ ಏರಿಯ ಮೇಲೆ, ಸಂಜೆ ಹೊತ್ತು. ಮಧ್ಯದಲ್ಲಿ ಕಾವಲಿಗೆ ಅವಳ ಅಣ್ಣ. ಅವನು ನೀರಿಗೆ ಕಲ್ಲು ಎಸೆಯುತ್ತ ಕೂತಿರುತ್ತಿದ್ದ. ನಾನು ತಪ್ಪು ಹೇಳಿದಾಗ ಮಾತ್ರ ಸ್ವಲ್ಪ ದೊಡ್ಡ ಕಲ್ಲು ಎಸೆಯುತ್ತಿದ್ದ.

ಪಾಸಾದೆ, ಐಟಿಐ ಆಯಿತು, ಮದುವೆಯೂ ಆಯಿತು. ಮದುವೆಯಾದ ಮೇಲೂ ನಾವು ಸಂಜೆ ಅದೇ ಏರಿಗೆ ಹೋಗಿ ಕೂರುತ್ತಿದ್ದೆವು. ಪಾಠ ಏನೂ ಇರಲಿಲ್ಲ. ಅಣ್ಣ ಇಲ್ಲದಿದ್ದುದೇ ಒಂದು ಸುಖ.

ಮಗಳು ಹುಟ್ಟಿ ನಾಲ್ಕು ತಿಂಗಳಿಗೆ ನಾನು ತಾಯಿಫ್ ಸೇರಿದೆ. ಎರಡು ವರ್ಷದ ಕಾಂಟ್ರಾಕ್ಟು, ಅದು ಮುಗಿದ ಮೇಲೆ ರಜೆ. ಇಕಾಮಾದಲ್ಲಿ, ಅಂದರೆ ಅಲ್ಲಿ ಇರಲು ಕೊಡುವ ಪರವಾನಗಿಯಲ್ಲಿ, ಬರೆದಿದ್ದ ನನ್ನ ಕೆಲಸಕ್ಕೆ ಹೆಂಡತಿ ಮಕ್ಕಳನ್ನು ಕರೆಸುವ ವೀಸಾ ಸಿಗುವುದಿಲ್ಲ. ಒಂದು ರೂಮಿನಲ್ಲಿ ಆರು ಮಂಚ, ಕಿಟಕಿ ತೆಗೆದರೆ ಸಿಮೆಂಟಿನ ಗೋಡೆ. ಅಷ್ಟರಲ್ಲಿ ಸಾವಿತ್ರಿಯ ಮೊದಲ ಕಾಗದ ಬಂತು. ಊರಿನಲ್ಲಿ ಯಾರೋ ಅವಳ ತಲೆಗೆ ತುಂಬಿದ್ದರಂತೆ, ಆ ದೇಶದಲ್ಲಿ ಕುಡಿಯುವ ನೀರಿಗೂ ಎಣ್ಣೆ ವಾಸನೆ, ನೆಲ ಅಗೆದರೆ ನೀರು ಬರುವುದಿಲ್ಲ, ಗಂಡಸರು ಬತ್ತಿಹೋಗುತ್ತಾರೆ ಅಂತ. ಅಲ್ಲಿ ನೀರು ಇದೆಯಾ, ಅದೊಂದು ಬರೆಯಿರಿ ಎಂದು ಕೇಳಿದ್ದಳು.

ನಲ್ಲಿಯಲ್ಲಿ ನೀರು ಬರುತ್ತದೆ ಅಂತ ಬರೆದಿದ್ದರೆ ಸಾಕಿತ್ತು. ಆದರೆ ಕಾಗದದ ಮುಂದೆ ಕೂತಾಗ ಕಣ್ಣಿಗೆ ಬಂದದ್ದು ನಲ್ಲಿಯಲ್ಲ. ನಮ್ಮ ರೂಮಿನ ಹಿಂದೆಯೇ ಒಂದು ಕೆರೆ ಇದೆ, ಡ್ಯೂಟಿ ಮುಗಿದ ಮೇಲೆ ಅದರ ಏರಿ ಮೇಲೆ ಕೂರುತ್ತೇನೆ ಅಂತ ಬರೆದೆ. ಒಂದೇ ಸಾಲು. ಅಂಚೆಗೆ ಹಾಕಿ ಬಂದೆ.

ಸುಳ್ಳು ಹೇಳುವುದಕ್ಕೂ ಅಭ್ಯಾಸ ಬೇಕು ನೋಡಿ, ನನಗೆ ಅದು ಇರಲಿಲ್ಲ. ಸಾವಿತ್ರಿ ಕೆರೆಯನ್ನು ಬಿಡಲಿಲ್ಲ. ಎಷ್ಟು ದೊಡ್ಡದು, ತೂಬು ಯಾವ ಕಡೆ, ಕೋಡಿ ಬೀಳುತ್ತದಾ, ಎಮ್ಮೆ ಇಳಿಸುತ್ತಾರಾ? ಪ್ರತಿ ಕಾಗದಕ್ಕೂ ನಾನು ಸ್ವಲ್ಪ ಸ್ವಲ್ಪ ಕೆರೆ ಕಟ್ಟುತ್ತ ಹೋದೆ. ತೂಬು ಇಟ್ಟೆ. ಎಮ್ಮೆ ಬೇಡ, ಇಲ್ಲಿ ಒಂಟೆ ಅಂದೆ. ಒಂದು ಚಳಿಗಾಲದಲ್ಲಿ ಎರಡು ಕೊಕ್ಕರೆ ಬಿಟ್ಟೆ. ನಿಜ ಹೇಳುತ್ತೇನೆ, ಅದು ನನಗೂ ಬೇಕಾಗಿತ್ತು. ಅಲ್ಲಿ ವಾರದ ರಜೆ ಶುಕ್ರವಾರ; ಗುರುವಾರ ಸಂಜೆ ಉಳಿದವರು ಇಸ್ಪೀಟಿಗೆ ಕೂತಾಗ ನಾನು ಗೋಡೆ ಕಡೆ ತಿರುಗಿ ಮಲಗಿ, ಈ ವಾರ ಕೆರೆಯಲ್ಲಿ ಏನಾಗಿರಬಹುದು ಅಂತ ಯೋಚಿಸುತ್ತಿದ್ದೆ.

ಇಷ್ಟರಲ್ಲಿ ಊರಿನಿಂದ ಒಂದು ಚಿಂತೆಯ ಕಾಗದ ಬಂತು. ಮಗಳಿಗೆ ಒಂದೂಮುಕ್ಕಾಲು ವರ್ಷ ತುಂಬಿದರೂ ಹೆಜ್ಜೆ ಹಾಕಿರಲಿಲ್ಲ. ಡಾಕ್ಟರು ಏನೂ ತೊಂದರೆ ಇಲ್ಲ ಅಂದರೂ ಸಾವಿತ್ರಿಗೆ ಸಮಾಧಾನವಿಲ್ಲ. ಮಗು ನಡೆದರೆ ತುಂಬಿದ ಕೆರೆಗೆ ಬಾಗಿನ ಬಿಡುತ್ತೇನೆ ಎಂದು ಹರಕೆ ಹೊತ್ತಳು. ತಿಂಗಳೊಳಗೆ ಮಗು ನಡೆಯಿತು. ಆದರೆ ಕೆರೆ ತುಂಬಿರಲಿಲ್ಲ. ಆ ವರ್ಷ ನಮ್ಮೂರ ಕೆರೆಯ ಅಂಗಳದಲ್ಲಿ ಹುಡುಗರು ಕ್ರಿಕೆಟ್ ಆಡುತ್ತಿದ್ದರಂತೆ. ಮಗು ನಡೆಯುತ್ತ ನಡೆಯುತ್ತ ಒಮ್ಮೆ ಮುಗ್ಗರಿಸಿದರೂ ಸಾವಿತ್ರಿಗೆ ನಡುಕ, ಹರಕೆ ಬಾಕಿ ಇದೆಯಲ್ಲ ಅಂತ. ಕೊನೆಗೆ ಅವಳಿಗೆ ಹೊಳೆದ ಉಪಾಯ ಏನು ಗೊತ್ತೆ? ಇಲ್ಲಿ ನೀರಿಲ್ಲದಿದ್ದರೇನಂತೆ, ನಿಮ್ಮ ಕೆರೆ ತುಂಬಿದೆಯಲ್ಲ, ನೀವೇ ಬಿಟ್ಟುಬಿಡಿ. ಹಾಗೆ ಬರೆದು ಬಾಗಿನವನ್ನು ಕಳಿಸಿಯೇಬಿಟ್ಟಳು.

ಅದನ್ನು ತಂದವರು ಲೋಬೋ. ಬಂಟ್ವಾಳದ ಕಡೆಯವರು, ನಮ್ಮ ಕಂಪನಿಯ ಸ್ಟೋರ್ ನೋಡಿಕೊಳ್ಳುತ್ತಿದ್ದರು, ನನಗಿಂತ ಹತ್ತು ವರ್ಷ ದೊಡ್ಡವರು. ರಜೆಗೆ ಹೋಗಿದ್ದ ಅವರ ಮನೆಗೆ ಸಾವಿತ್ರಿ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಪೊಟ್ಟಣ ಕಳಿಸಿದ್ದಳು. ಜಿದ್ದಾ ಏರ್‌ಪೋರ್ಟಿನಲ್ಲಿ ಆಫೀಸರು ಬಿಚ್ಚಿಸಿ ಅರಿಶಿನ ಮೂಸಿ, ಸಣ್ಣ ಬಾಚಣಿಗೆ ಹಿಡಿದು ಲೋಬೋರ ಬೋಳುತಲೆಯನ್ನು ಒಂದು ಗಳಿಗೆ ನೋಡಿ, ಹೋಗು ಅಂದನಂತೆ. ಏನಿದು ಎಂದು ಲೋಬೋ ಕೇಳಿದಾಗ ನಾನು ಮನೆಯಿಂದ ಮಸಾಲೆ ಅಂದೆ. ಅವರು ಮತ್ತೆ ಕೇಳಲಿಲ್ಲ.

ರೂಮಿನಲ್ಲಿ ಒಬ್ಬನೇ ಇದ್ದಾಗ ಬಿಚ್ಚಿದೆ. ಅಂಗೈಯಗಲದ ಒಂದು ಜೊತೆ ಮೊರ. ಅಷ್ಟು ಚಿಕ್ಕದನ್ನು ಯಾರಿಂದ ಹೆಣೆಸಿದಳೋ. ಒಳಗೆ ಅರಿಶಿನ, ಕುಂಕುಮ, ಹಸಿರು ಬಳೆ, ಕರಿಮಣಿ, ಪುಟ್ಟ ಕನ್ನಡಿ, ಆ ಬಾಚಣಿಗೆ, ರವಿಕೆ ಕಣ, ಒಂದು ಹಿಡಿ ಅಕ್ಕಿ, ಬೇಳೆ, ಬೆಲ್ಲದ ಚೂರು. ಬೆಲ್ಲಕ್ಕೆ ಇರುವೆ ಹತ್ತದಂತೆ ಅರಿಶಿನದ ಬಟ್ಟೆ ಸುತ್ತಿದ್ದಳು. ಅವಳು ಇಷ್ಟೆಲ್ಲ ಮಾಡಿದ್ದು ನಾನು ಕಾಗದದಲ್ಲಿ ಕಟ್ಟಿದ ಕೆರೆಗೆ. ಪೊಟ್ಟಣವನ್ನು ಸೂಟ್‌ಕೇಸಿನ ತಳಕ್ಕೆ ಹಾಕಿ ಮೇಲೆ ಚಾದರ ಮುಚ್ಚಿದೆ. ಆಮೇಲೆ ಅವಳ ಪ್ರತಿ ಕಾಗದದಲ್ಲೂ ಒಂದೇ ಪ್ರಶ್ನೆ, ಬಾಗಿನ ಬಿಟ್ಟಿರಾ? ನಾನು ಶುಕ್ರವಾರ ನೋಡುತ್ತೇನೆ ಅಂತ ಬರೆಯುತ್ತಿದ್ದೆ. ಬಿಟ್ಟೆ ಅಂತ ಬರೆಯಲು ಕೈ ಬರಲಿಲ್ಲ. ಕೊಕ್ಕರೆ ವಿಷಯ ಬೇರೆ, ಮಗಳ ಕಾಲಿನ ವಿಷಯ ಬೇರೆ.

ಲೋಬೋರಿಗೆ ಟೂರಿನ ಹುಚ್ಚು. ಒಂದು ಬುಧವಾರ ಕ್ಯಾಂಟೀನಿನಲ್ಲಿ ಜೆರಾಕ್ಸ್ ಹಂಚಿದರು. ಶುಕ್ರವಾರ ಗೈಡ್ ಸಮೇತ ಒಂದು ದಿನದ ಪ್ರವಾಸ. ಜ್ವಾಲಾಮುಖಿ ಬೆಟ್ಟಗಳ ಸೀಮೆ, ನೆಲ ಬಾಯಿಬಿಟ್ಟು ಆದ ದೊಡ್ಡ ಗುಂಡಿ, ಅದರ ತಳದಲ್ಲಿ ಸರೋವರ.

"ಸರೋವರದಲ್ಲಿ ನೀರು ಉಂಟಾ?" ಎಂದು ನಾನು ಅವರದೇ ಮಾತಿನಲ್ಲಿ ಕೇಳಿದೆ.

"ಸರೋವರದಲ್ಲಿ ನೀರಲ್ಲದೆ ಮತ್ತೆಂತ ಇರ್ತದೆ ಮಾರಾಯ? ಹೋದ ವಾರ ಮಳೆ ಬೇರೆ ಬಂದಿದೆ. ಹೆಸರು ಬರೀಲಾ?"

ಬರೆಯಿರಿ ಅಂದೆ. ರೂಮಿನ ಹಿಂದೆ ಇಲ್ಲದಿದ್ದರೇನು, ಅದೇ ದೇಶದಲ್ಲಿ ಇದೆಯಲ್ಲ. ಬಾಗಿನ ಬಿಟ್ಟುಬಿಟ್ಟರೆ ಸಾವಿತ್ರಿಯ ಭಯ ಹೋಗುತ್ತದೆ, ನನ್ನ ಸುಳ್ಳಿಗೂ ಮುಕ್ಕಾಲು ನಿಜದ ಒಂದು ಕಾಲು ಸಿಗುತ್ತದೆ ಎಂದು ಲೆಕ್ಕ ಹಾಕಿದೆ.

ಶುಕ್ರವಾರ ಬೆಳಿಗ್ಗೆ ಒಂಬತ್ತು ಜನ ವ್ಯಾನು ಹತ್ತಿದೆವು. ಗೈಡು, ಡ್ರೈವರು ಎರಡೂ ಅಬು ಸಾಲೆಹ್. ಅರವತ್ತರ ಹತ್ತಿರದ ಸೌದಿ ಮುದುಕ, ಆ ಸೀಮೆಯಲ್ಲೇ ಆಡು ಮೇಯಿಸಿ ಬೆಳೆದವನು. ಅವನು ಹೇಳಿದ್ದನ್ನು ಲೋಬೋ ಕನ್ನಡಕ್ಕೆ ಮಾಡುತ್ತಿದ್ದರು. ಅವನದು ಎರಡೇ ಕಾನೂನು. ಎಲ್ಲಿ ಇಳಿದರೂ ತಲೆ ಎಣಿಸುವುದು. ಎಲ್ಲಿಂದ ಹೊರಟರೂ ನಾವು ಬಿಟ್ಟದ್ದನ್ನು ಹೆಕ್ಕುವುದು. ಚಹಾಕ್ಕೆ ನಿಲ್ಲಿಸಿದ ಜಾಗದಲ್ಲಿ ಯಾರೋ ಎಸೆದ ಕಿತ್ತಳೆ ಸಿಪ್ಪೆಯನ್ನು ಹೆಕ್ಕಿ ಜೇಬಿಗೆ ಹಾಕಿಕೊಂಡ. ಬೈಯಲಿಲ್ಲ. ಅದರಿಂದ ನಮಗೇ ನಾಚಿಕೆಯಾಯಿತು.

ಊರು ದಾಟಿ ಎರಡು ಗಂಟೆಯ ಮೇಲೆ ನೆಲದ ಬಣ್ಣ ಬದಲಾಯಿತು. ಕಣ್ಣು ಹಾಯುವಷ್ಟು ದೂರ ಕರೀ ಕಲ್ಲು. ನಮ್ಮ ಕಡೆ ಇಟ್ಟಿಗೆ ಗೂಡು ಸುಟ್ಟು ತೆಗೆದ ಮೇಲೆ ಕರಗಿ ಗಟ್ಟಿಯಾದ ಹೆಂಟೆಗಳು ಬಿದ್ದಿರುತ್ತವಲ್ಲ, ಹಾಗೆ. ಯಾರೋ ಈ ಇಡೀ ಸೀಮೆಯನ್ನು ಒಂದೇ ಗೂಡಿನಲ್ಲಿ ಸುಟ್ಟು, ಇಟ್ಟಿಗೆ ತಗೊಂಡು ಹೋಗಿದ್ದಾರೆ ಅನಿಸಿತು. ನಡುವೆ ರಾಗಿ ಗುಡ್ಡೆಯ ಆಕಾರದ ಬೆಟ್ಟಗಳು, ತುದಿ ಕುಸಿದು ಬಟ್ಟಲಿನಂತಾದವು. ಡಾಂಬರು ಮುಗಿದು ವ್ಯಾನು ಕಲ್ಲಿನ ಮೇಲೆ ಕುಲುಕುತ್ತ ಹೋಯಿತು. ನನ್ನ ತೊಡೆಯ ಮೇಲಿನ ಚೀಲದಲ್ಲಿ ಬಳೆಗಳು ಸದ್ದು ಮಾಡುತ್ತಿದ್ದವು. ಪಕ್ಕದಲ್ಲಿದ್ದವನಿಗೆ ಕೇಳದಿರಲಿ ಅಂತ ನಾನು ಸುಮ್ಮಸುಮ್ಮನೆ ಕೆಮ್ಮುತ್ತಿದ್ದೆ.

ಗುಂಡಿ ಎದುರಾಗುವವರೆಗೆ ಅಲ್ಲಿ ಗುಂಡಿ ಇದೆ ಅಂತ ಗೊತ್ತೇ ಆಗುವುದಿಲ್ಲ. ನೆಲ ಇದ್ದಕ್ಕಿದ್ದಂತೆ ನಿಂತುಹೋಯಿತು. ನಮ್ಮ ಊರನ್ನು ಕೆರೆ ಸಮೇತ ಎತ್ತಿ ಅದರೊಳಗೆ ಇಟ್ಟರೂ ಸುತ್ತ ಜಾಗ ಉಳಿಯುತ್ತಿತ್ತು. ಅಷ್ಟು ಆಳದ ತಳದಲ್ಲಿ, ಬಿಸಿಲಿಗೆ ಹೊಳೆಯುತ್ತ, ಬೆಳ್ಳಗೆ ಸರೋವರ. ಇಷ್ಟು ನೀರಿಗೆ ಆ ಪುಟ್ಟ ಮೊರ ಸಣ್ಣದಾಯಿತೇನೋ ಅನಿಸಿತು.

ಅಂಚಿನಲ್ಲಿ ಕೂರಿಸಿ ಅಬು ಸಾಲೆಹ್ ಕತೆ ಹೇಳಿದ. ಬೆಟ್ಟಗಳ ಹೆಸರೂ ಹೇಳಿದ, ನನಗೀಗ ಮರೆತಿದೆ. ಲೋಬೋ ಹೇಳಿದ್ದು ಮಾತ್ರ ನೆನಪಿದೆ.

"ಇಲ್ಲಿ ಮೊದಲು ಒಂದು ಬೆಟ್ಟ ಇತ್ತಂತೆ. ಹೆಣ್ಣು ಬೆಟ್ಟ. ಒಂದು ಸಲ ಮಿಂಚು ಹೊಡೆದಾಗ ದೂರದಲ್ಲಿ ಒಂದು ಗಂಡು ಬೆಟ್ಟ ಕಂಡಿತಂತೆ. ಕಂಡದ್ದು ಅಷ್ಟೇ, ಇದು ಬುಡ ಸಮೇತ ಎದ್ದು ಅವನ ಹತ್ತಿರ ಹೊರಟಿತಂತೆ. ಇನ್ನೊಂದು ಬೆಟ್ಟಕ್ಕೆ ಹೊಟ್ಟೆಕಿಚ್ಚು, ಬಾಣ ಬಿಟ್ಟಿತು. ಪೆಟ್ಟು ತಿಂದರೂ ಹೋಗಿ ಅವನ ಪಕ್ಕದಲ್ಲೇ ಬಿದ್ದಳಂತೆ. ಈಗಲೂ ಅಲ್ಲೇ ಇದ್ದಾಳೆ. ಎದ್ದು ಹೋದ ಜಾಗ ಇದು." ಸ್ವಲ್ಪ ತಡೆದು ತಮ್ಮದನ್ನು ಸೇರಿಸಿದರು. "ನೋಡು ಸ್ವಾಮಿ, ಬೆಟ್ಟಕ್ಕೆ ಫ್ಯಾಮಿಲಿ ವೀಸಾ ಬೇಕಾಗಲಿಲ್ಲ."

ನನ್ನ ಹೆಸರು ತಿಪ್ಪೇಸ್ವಾಮಿ, ಅವರ ಬಾಯಲ್ಲಿ ಸ್ವಾಮಿ ಅಷ್ಟೇ. ಎಲ್ಲರೂ ನಕ್ಕರು. ನಾನೂ ನಕ್ಕೆ. ನಕ್ಕಾದ ಮೇಲೆ ಒಂಬತ್ತು ಜನವೂ ಅವಳು ಎದ್ದು ಹೋದ ಗುಂಡಿಯ ಕಡೆ ನೋಡಿದೆವು.

ಇಳಿಯಲು ಒಂದು ಗಂಟೆ ಹಿಡಿಯಿತು. ಆಡು ಹೋಗುವ ದಾರಿ, ಜಾರುವ ಜಲ್ಲಿ. ಅರ್ಧ ಇಳಿಯುವಾಗಲೇ ನನಗೆ ಅನುಮಾನ ಬಂತು. ಗಾಳಿ ಬೀಸುತ್ತಿತ್ತು, ಆದರೆ ನೀರಿನ ಮೇಲೆ ಅಲೆ ಇಲ್ಲ. ಕೆಳಗೆ ಹೋಗಿ ಕಾಲಿಟ್ಟರೆ ಹಪ್ಪಳ ಮುರಿದ ಸದ್ದು. ಉಪ್ಪು. ಕಣ್ಣು ಕುಕ್ಕುವ ಬಿಳಿ ಉಪ್ಪು, ಬಿರುಕು ಬಿಟ್ಟು ಹಾಸಿಕೊಂಡಿತ್ತು. ಉಳಿದವರು ಕುಣಿದಾಡಿ ಫೋಟೋ ತೆಗೆಸಿಕೊಂಡರು. ನಾನು ಲೋಬೋರ ಮುಖ ನೋಡಿದೆ. ಅವರು ಕೈ ಎತ್ತಿ ದೂರ ತೋರಿಸಿ, ಅಕೋ ಅಲ್ಲಿ ಸ್ವಲ್ಪ ಉಂಟಲ್ಲ ಅಂದರು.

ಉಂಟು. ಮಳೆಯ ನೀರು ಒಂದು ಕಡೆ ತೆಳ್ಳಗೆ ನಿಂತಿತ್ತು. ಮೂತ್ರಕ್ಕೆ ಹೋಗುತ್ತೇನೆ ಅಂತ ಹೇಳಿ ಆ ಕಡೆ ನಡೆದೆ. ಉಪ್ಪಿನ ಕೆಸರು ಕಾಲನ್ನು ಎಳೆಯಿತು, ಶೂ ಮುಳುಗಿತು; ಆ ಬಿಳಿ ಗೆರೆ ಹತ್ತಿದ್ದು ಅಲ್ಲೇ. ಹಿಂದಿನಿಂದ ಅಬು ಸಾಲೆಹ್ ಏನೋ ಕೂಗಿದ, ಮುಂದೆ ಹೋಗಬೇಡ ಅಂತಿರಬೇಕು. ಬಂಡೆಯ ಮರೆಗೆ ಕೂತು ಮೊರವನ್ನು ನೀರಿನ ಮೇಲೆ ಇಟ್ಟೆ. ಬಾಗಿನ ತೇಲಬೇಕು, ಸ್ವಲ್ಪ ದೂರ ಹೋಗಬೇಕು, ಆಮೇಲೆ ಗಂಗೆ ಒಳಗೆ ತಗೊಳ್ಳಬೇಕು. ಇದು ಇಟ್ಟಲ್ಲೇ ಕೂತಿತು. ಬೆರಳಿನಿಂದ ತಳ್ಳಿದೆ, ಬೆರಳು ತಳ ಮುಟ್ಟಿತು. ಊಟದ ತಟ್ಟೆಯಷ್ಟೂ ಆಳವಿರಲಿಲ್ಲ. ಕೈ ಮುಗಿಯಬೇಕು ಅನಿಸಿತು. ಏನು ಹೇಳಿ ಮುಗಿಯುವುದು? ಸಾವಿತ್ರಿ ಬಿಡುತ್ತಿದ್ದರೆ ಸೆರಗು ಹೊದ್ದು, ಎರಡು ಕೈಯಲ್ಲಿ ಹಿಡಿದು, ಬಾಯಿ ತುಂಬ ಏನೇನೋ ಹೇಳುತ್ತಿದ್ದಳು. ಇದು ಹೆಂಗಸರ ಕೆಲಸ. ನಾನು ಮಗಳ ಹೆಸರು ಮಾತ್ರ ಹೇಳಿ ಎದ್ದೆ. ಬಿಳಿಯ ಮೇಲೆ ಹಸಿರು ಬಳೆ ಹತ್ತು ಹೆಜ್ಜೆ ದೂರದಿಂದಲೂ ಕಾಣುತ್ತಿತ್ತು. ತಿರುಗಿ ನೋಡದೆ ಬಂದೆ.

ಹತ್ತುವಾಗ ಉಸಿರು ಹೋಗಿ ಉಸಿರು ಬಂತು. ಆದರೂ ಮನಸ್ಸು ಹಗುರವೇ ಇತ್ತು. ಈ ವಾರ ಬರೆಯಬಹುದು, ಬಿಟ್ಟೆ ಅಂತ.

ಮೇಲೆ ಅಬು ಸಾಲೆಹ್ ಫ್ಲಾಸ್ಕಿನಿಂದ ಎಲ್ಲರಿಗೂ ಗಹ್ವಾ, ಅವರ ಕಾಫಿ, ಬಗ್ಗಿಸಿ, ಖರ್ಜೂರ ಹಂಚಿದ. ಕೊನೆಗೆ ನನ್ನ ಮುಂದೆ ಬಂದು ಕೂತ. ತಲೆವಸ್ತ್ರದ ತುದಿಯಿಂದ ಒಂದೊಂದೇ ಬಳೆ ಒರೆಸಿ, ಕನ್ನಡಿ ಒರೆಸಿ, ಎಲ್ಲವನ್ನೂ ಮೊರದಲ್ಲಿ ಜೋಡಿಸಿ ನನ್ನ ಕೈಗೆ ಇಟ್ಟ.

"ಸದೀಕ್," ಎಂದು ತನಗೆ ಬರುವ ಹಿಂದಿಯಲ್ಲಿ ಹೇಳಿದ, "ನೀಚೆ ಭೂಲ್ ಗಯಾ."

ಗೆಳೆಯಾ, ಕೆಳಗೆ ಮರೆತು ಬಂದೆ ಅಂತ. ಅರವತ್ತು ವರ್ಷದ ಮನುಷ್ಯ ಅದನ್ನು ಕೆಸರಿನಿಂದ ಹೆಕ್ಕಿ, ಅಷ್ಟೆತ್ತರ ಹೊತ್ತು ತಂದಿದ್ದ. ಅಕ್ಕಿ ಕಾಳನ್ನೂ ಬಿಟ್ಟಿರಲಿಲ್ಲ. ನಾನು ಮೊರವನ್ನು ಚೀಲದೊಳಗೆ ತಳ್ಳಲು ಹೋದೆ. ಲೋಬೋ ಬಗ್ಗಿ ನೋಡಿದರು.

"ಇದು ನಾನು ತಂದದ್ದಲ್ವಾ? ಮಸಾಲೆ ಅಂದಿದ್ದಿ. ಬಳೆ ಹಾಕಿ ಎಂತ ಸಾರು ಮಾಡ್ತಿ ಮಾರಾಯ ನೀನು?"

ಹೇಳಿಬಿಟ್ಟೆ. ಒಂದೇ ಉಸಿರಿಗೆ, ಮಗಳ ಕಾಲು, ಹರಕೆ, ಕಾಗದ, ರೂಮಿನ ಹಿಂದಿನ ಕೆರೆ, ಎಲ್ಲ. ಹೇಳುವಾಗ ಒಂದನೇ ಕ್ಲಾಸಿನಲ್ಲಿ ನಿಂತು ಓದಿದ ಹಾಗಾಗುತ್ತಿತ್ತು. ಮುಗಿದ ಮೇಲೆ ಲೋಬೋ ಗಂಭೀರವಾಗಿ ಕೇಳಿದರು.

"ಹಾಗಾದ್ರೆ ಒಂದೂವರೆ ವರ್ಷದಿಂದ ನೀನು ನಮಗೆ ಗೊತ್ತಿಲ್ಲದ ಹಾಗೆ ಒಂದು ಕೆರೆ ಸಾಕಿದ್ದಿ. ಮೀನು ಉಂಟಾ ಅದರಲ್ಲಿ?"

"ಮೀನು ಬರ್ದಿಲ್ಲ ಸಾರ್. ಎರಡು ಕೊಕ್ಕರೆ ಇದಾವೆ."

"ಮೀನಿಲ್ಲದೆ ಕೊಕ್ಕರೆ ಎಂತ ತಿನ್ತದೆ? ನಿನ್ನ ಹೆಂಡತಿ ಅದನ್ನು ಕೇಳಲಿಲ್ವಾ?"

ಕೇಳಿರಲಿಲ್ಲ. ಆಗ ಮೊದಲ ಸಲ ಅದೂ ಚುಚ್ಚಿತು. ಏನು ಬರೆದರೂ ನಂಬುವವಳಿಗೆ ನಾನು ಬರೆಯುತ್ತಿದ್ದೆ.

ಲೋಬೋ ಅರಬಿಯಲ್ಲಿ ಅಬು ಸಾಲೆಹ್‌ಗೆ ಹೇಳಿದರು. ಎಷ್ಟು ಹೇಳಿದರೋ, ಹೇಗೆ ಹೇಳಿದರೋ. ಮುದುಕನ ಮುಖ ಸಣ್ಣದಾಯಿತು. ತಲೆವಸ್ತ್ರ ಬಿಗಿದುಕೊಂಡು, ಮೊರಕ್ಕೆ ಕೈ ಚಾಚಿ, ಮತ್ತೆ ಇಳಿಯಲು ಹೊರಟೇಬಿಟ್ಟ. ನಾನು ಅವನ ತೋಳು ಹಿಡಿದುಕೊಂಡೆ. ಬೇಡ ಅಂತ ತಲೆ ಆಡಿಸಿದೆ. ಅವನು ಕೂತ. ಬಳೆಯೊಂದನ್ನು ಬೆರಳಲ್ಲಿ ತಿರುಗಿಸುತ್ತ ಲೋಬೋರಿಗೆ ಏನೋ ಕೇಳಿದ.

"ಇದು ಅವಳು ಕೊಟ್ಟ ಮಾತಲ್ವಾ, ನಡುವೆ ನಿನ್ನ ಕೈ ಎಂತಕ್ಕೆ ಅಂತ ಕೇಳ್ತಾ ಇದ್ದಾನೆ," ಎಂದರು ಲೋಬೋ. "ಅವಳಿಗೇ ವಾಪಸು ಕೊಡು ಅಂತಾನೆ. ಇಲ್ಲಿಯ ನೀರು ಆಡು ಕೂಡ ಮೂಸುವುದಿಲ್ಲವಂತೆ."

ಬರುವಾಗ ವ್ಯಾನಿನಲ್ಲಿ ಎಲ್ಲರೂ ನಿದ್ದೆಹೋದರು. ಕರೀ ಕಲ್ಲಿನ ಮೇಲೆ ಸಂಜೆ ಬಿಸಿಲು ಬಿದ್ದಿತ್ತು. ಅಷ್ಟು ಹೊತ್ತಿಗೆ ನಮ್ಮೂರಿನಲ್ಲಿ ದೀಪ ಹಚ್ಚಿರುತ್ತಾರೆ. ಆ ಬೆಟ್ಟದ ಕತೆ ಮತ್ತೆ ಮತ್ತೆ ಬಂತು. ಅವಳು ಎದ್ದು ಹೋದಳು, ಸರಿ. ಅಲ್ಲಿದ್ದ ಗಂಡು ಬೆಟ್ಟ ಏನು ಮಾಡುತ್ತಿತ್ತು? ಅದೂ ನನ್ನ ಹಾಗೆ ಕೂತಲ್ಲೇ ಕೂತು, ಇಲ್ಲಿ ಎಲ್ಲ ಚೆನ್ನಾಗಿದೆ, ನೀರೂ ಇದೆ ಅಂತ ಹೇಳಿ ಕಳಿಸುತ್ತಿತ್ತೇನೋ.

ಭಾನುವಾರ ಕಾಗದ ಬರೆದೆ. ಕೆರೆ ಇಲ್ಲ ಅಂತ. ಮೊದಲಿನಿಂದಲೂ ಇರಲಿಲ್ಲ, ತೂಬು, ಕೋಡಿ, ಕೊಕ್ಕರೆ ಯಾವುದೂ ಇಲ್ಲ. ಕಿಟಕಿಯ ಆಚೆ ಗೋಡೆ ಇದೆ. ಬಾಗಿನ ನನ್ನ ಹತ್ತಿರವೇ ಇದೆ, ಹರಕೆ ಹಾಗೇ ಇದೆ, ತಪ್ಪು ನನ್ನದು, ಮಗುವಿಗೆ ಏನೂ ಆಗದಿರಲಿ. ಇಷ್ಟು ಬರೆಯಲು ನಾಲ್ಕು ಹಾಳೆ ಹರಿದೆ. ಆಮೇಲಿನ ಮೂರು ವಾರ ಅಂಚೆ ಬಂದಾಗಲೆಲ್ಲ ನಾನೇ ಮೊದಲು ಓಡುತ್ತಿದ್ದೆ. ಕೋಪ ಮಾಡಿಕೊಂಡರೆ ಸಹಿಸಬಹುದು. ಇನ್ನು ಮುಂದೆ ನಾನು ಬರೆದದ್ದನ್ನೆಲ್ಲ ಅವಳು ಎರಡೆರಡು ಸಲ ಓದಿ, ನಿಜವೋ ಸುಳ್ಳೋ ಅಂತ ತೂಗಿದರೆ? ಕಾಗದ ಬಿಟ್ಟರೆ ನಮ್ಮಿಬ್ಬರ ನಡುವೆ ಆಗ ಬೇರೆ ಏನಿತ್ತು?

ಬಾಗಿನದ ವಿಷಯ ಹೇಳಿ ಮುಗಿಸುತ್ತೇನೆ. ಅದು ರಜೆಯಲ್ಲಿ ನನ್ನ ಜೊತೆಯೇ ಊರಿಗೆ ಹೋಯಿತು. ಎರಡು ವರ್ಷ ಬಿಟ್ಟು ನಮ್ಮೂರ ಕೆರೆ ತುಂಬಿತು, ಸಾವಿತ್ರಿ ಮಗಳ ಕೈ ಹಿಡಿದುಕೊಂಡು ಹೋಗಿ ತಾನೇ ಬಿಟ್ಟಳು. ಆಗ ನಾನು ಅಲ್ಲಿರಲಿಲ್ಲ. ಮತ್ತೆ ತಾಯಿಫಿನಲ್ಲೇ ಇದ್ದೆ.

ಆದರೆ ಹೇಳದೆ ಉಳಿದದ್ದು ಆ ಮೂರು ವಾರದ ನಂತರ ಬಂದ ಕಾಗದ. ಬಾತ್‌ರೂಮಿಗೆ ಹೋಗಿ ಚಿಲಕ ಹಾಕಿಕೊಂಡು ಒಡೆದೆ. ಮೊದಲ ಪುಟದ ತುಂಬ ಮಗಳ ಸುದ್ದಿ. ಓಡಲು ಶುರುಮಾಡಿದ್ದಾಳೆ, ಹೊಸಿಲು ಎಡವಿ ಮೊಣಕಾಲು ಕೆತ್ತಿಕೊಂಡಿದ್ದಾಳೆ, ಅದಕ್ಕೂ ಹರಕೆಗೂ ಸಂಬಂಧವಿಲ್ಲ, ಓಡುವ ಮಕ್ಕಳು ಬೀಳುತ್ತಾರೆ, ನೀವು ಹೆದರಬೇಡಿ ಅಂತ ಇತ್ತು. ಕೆರೆಯ ಮಾತೇ ಇಲ್ಲ. ಪುಟ ತಿರುವಿದೆ. ಹಿಂದೆ ನಾಲ್ಕೇ ಸಾಲು.

"ಕೆರೆ ಇಲ್ಲ ಅಂದರೆ ಇಲ್ಲ ಬಿಡಿ, ಅದಕ್ಕೇನು ಮಾಡೋದು. ಆದರೆ ಇಷ್ಟು ದಿನ ಸಂಜೆ ಆದಾಗ ನಿಮ್ಮನ್ನ ಆ ಏರಿ ಮೇಲೆ ಕೂರಿಸಿ, ಆಮೇಲೆ ನಾನು ಒಲೆ ಹಚ್ಚುತ್ತಿದ್ದೆ. ಇನ್ನು ಮೇಲೆ ನಿಮ್ಮನ್ನ ಎಲ್ಲಿ ಕೂರಿಸಲಿ, ಬರೆಯಿರಿ."